ವಿಷದ ತಟ್ಟೆಗೆ ವ್ರತ ಹಚ್ಚಿದ ಲಗಮಪ್ಪನವರಿಗೆ

ಮೂಡಲಗಿಯ ವಿಡಿಯೋ ಥಿಯೇಟರಿನ ಮೈಕಿಗೆ ಒಡೆಯರೂ, ಇಂಗ್ಲಿಷು ಚೀನೀ ಎರಡೂ ಬಾರದಿದ್ದರೂ ಎರಡನ್ನೂ ನಮಗೆ ಬಿಡಿಸಿ ಹೇಳುವ ಮಹಾನುಭಾವರೂ ಆದ ಮಾನ್ಯ ಲಗಮಪ್ಪನವರೇ, ನಾಗನೂರಿನ ಸಮ್ಮೇದನ ಜೈಜಿನೇಂದ್ರ.

ಪರದೆಯ ಬಾಜೂ ಸ್ಟೂಲು ಹಾಕಿಕೊಂಡು, ವಿದೇಶಿ ಸಿನಿಮಾದ ದನಿ ತಗ್ಗಿಸಿ ತಾವು ನಮ್ಮ ಮಾತಿನಲ್ಲಿ ಕಥೆ ಹೇಳತೊಡಗಿದಂದಿನಿಂದ ಜಗತ್ತೇ ಗೋಕಾಕ ತಾಲೂಕಿಗೆ ಸೇರಿಹೋಗಿದೆ. ಅಮೆರಿಕದ ಪೊಲೀಸರು ಕಳ್ಳರನ್ನು ನಮ್ಮ ಗಡಿಯ ಕಣಗಲಾ ದಾಟಲು ಬಿಡುವುದಿಲ್ಲ, ಬೇರೆ ಗ್ರಹದ ಹಸಿರು ಮನುಷ್ಯ ಇಳಿದ ಕೂಡಲೇ "ಗೋಕಾಕ ಬಸ್ ಹೋತೇನ್ರಿ?" ಎಂದು ಕೇಳುತ್ತಾನೆ. ನಾನೂ ಹೊಟ್ಟೆ ಹಿಡಿದುಕೊಂಡು ನಕ್ಕವನೇ. ಆದರೆ ಕಳೆದ ರವಿವಾರ ಮಧ್ಯಾಹ್ನದ ಆಟದಲ್ಲಿ ತಾವು ನನ್ನ ಬುಡಕ್ಕೇ ಕೊಡಲಿ ಹಾಕಿದಿರಿ.

ಆ ಸಿನಿಮಾದ ನಾಯಕ ದೊಡ್ಡ ಹೋಟೆಲಿನಲ್ಲಿ ಮೇಣಬತ್ತಿ ಹಚ್ಚಿಕೊಂಡು ಊಟಕ್ಕೆ ಕೂತಿದ್ದ. ಊಟದಲ್ಲಿ ವಿಷ ಬೆರೆಸಿದ್ದು ಗೊತ್ತಾಗಿ ತಟ್ಟೆ ದೂಡಿದ. ತಾವೋ ಅವನ ಕಿಟಕಿಯಾಚೆಯ ಕತ್ತಲೆಯನ್ನೂ, ಮುಂದಿನ ಸಾಲಿನಲ್ಲಿ ಕೂತ, ರಾತ್ರಿ ಊಟ ಬಿಟ್ಟ ನಮ್ಮ ಜೈನ ಹಿರಿಯರನ್ನೂ ಒಮ್ಮೆ ನೋಡಿ, "ಹೊತ್ತ ಮುಳಗೇತ್ರಿ, ನಾ ಇನ್ನ ಉಣ್ಣಂಗಿಲ್ಲ" ಎಂದು ಅವನ ಬಾಯಿಂದ ಹೇಳಿಸಿಬಿಟ್ಟಿರಿ. ಇಡೀ ಥಿಯೇಟರು ಚಪ್ಪಾಳೆ ತಟ್ಟಿತು. ತುಕ್ಕಾನಟ್ಟಿಯ ಕಮಲಾಬಾಯಿಯವರಂತೂ ಎದ್ದುನಿಂತು ಪರದೆಗೆ ಕೈಮುಗಿದರು.

ಈ ಕಮಲಾಬಾಯಿ, ನಾನು ಮದುವೆಯಾಗಬೇಕೆಂದಿರುವ ತೃಪ್ತಿಯ ಅಜ್ಜಿ. ಸಂಬಂಧ ಇನ್ನೇನು ಕುದುರಿತ್ತು. ಈಗ ಅವರು, "ಪರದೇಶದಾಂವ ಸೈತ ರಾತ್ರಿ ಊಟಾ ಬಿಟ್ಟಾನ, ನಿಮ್ಮ ಹುಡಗ ದೀಪಾ ಹಚ್ಚಿದ ಮ್ಯಾಲ ಬಸ್ ಸ್ಟ್ಯಾಂಡಿನ್ಯಾಗ ನಿಂತ ಗಿರಮಿಟ್ಟ ತಿಂತಾನ" ಎಂದು ಹೇಳಿಕಳಿಸಿದ್ದಾರೆ. ತೃಪ್ತಿ ಸಿಗದಿದ್ದರೆ ನನಗೆ ಗಿರಮಿಟ್ಟು ಸಹ ರುಚಿಸದು ಎಂಬುದನ್ನು ಅವರಿಗೆ ಯಾರು ಹೇಳಬೇಕು?

ಆದ್ದರಿಂದ ಸವಿನಯ ಬೇಡಿಕೆ: ಮುಂದಿನ ವಾರ ಅದೇ ನಾಯಕ ಹೆಲಿಕಾಪ್ಟರಿಗೆ ಜೋತುಬಿದ್ದು ಗುಂಡು ಹಾರಿಸುವಾಗ, ನಾಗನೂರಿನ ಸಮ್ಮೇದ ಬಂಗಾರದಂಥ ಹುಡುಗ ಎಂದು ಒಂದು ಮಾತು ಹೇಳಿಸಿರಿ. ನಾಯಕಿ ಅಳುವಾಗ, ಗಿರಮಿಟ್ಟು ಊಟದ ಲೆಕ್ಕಕ್ಕೆ ಬರುವುದಿಲ್ಲವೆಂದು ಅಳಿಸಿರಿ. ಅದೂ ಆಗದಿದ್ದರೆ ಪರದೇಶದಲ್ಲಿ ಸೂರ್ಯ ಮುಳುಗದಂತೆ ನೋಡಿಕೊಳ್ಳಿರಿ. ಇಷ್ಟೆಲ್ಲ ಮಾಡಿದವರಿಗೆ ಅದೇನು ಮಹಾ.

ತಮ್ಮ ಆಟದ ಹೊತ್ತಿಗೆ ಕರೆಂಟು ಹೋಗದಿರಲಿ ಎಂದು ಅರ್ಧ ಮನಸ್ಸಿನಿಂದ ಹಾರೈಸುವ,

ತಮ್ಮ ವಿಶ್ವಾಸಿ,
ಸಮ್ಮೇದ

ತಾ.ಕ.: ಈ ಬಹಿರಂಗ ಪತ್ರವನ್ನು ವಾರಪತ್ರಿಕೆಗೆ ಕಳಿಸಬೇಕೆನ್ನುವಷ್ಟರಲ್ಲಿ ಕಮಲಾಬಾಯಿಯವರು ಮೊಮ್ಮಗಳೊಂದಿಗೆ, ಮಾನ್ಯರೇ, ತಮ್ಮನ್ನೂ ಕರೆದುಕೊಂಡು ನಮ್ಮ ಮನೆಗೇ ಬಂದರು, ಈಗಿನ ಹುಡುಗರ ಮಾತು ಲಗಮಪ್ಪ ಹೇಳಿದರಷ್ಟೇ ಅವರಿಗೆ ತಿಳಿಯುತ್ತದಂತೆ. ನಾನು ಪ್ರಾಮಾಣಿಕವಾಗಿ, "ರಾತ್ರಿ ತಿನ್ನೂದ ಬಿಡಾಕ ನೋಡ್ತೇನ್ರಿ, ಆದ್ರ ಮಾತ ಕೊಡಂಗಿಲ್ಲ" ಎಂದೆ. ತಾವು ಅದನ್ನು ಕನ್ನಡದಿಂದ ಕನ್ನಡಕ್ಕೆ ತಿರುಗಿಸಿದಿರಿ: "ಜೀವಾ ಇರೂತನಾ ಅಜ್ಜಿ ಹೇಳಿದಂಗ ಕೇಳ್ತಾನಂತ್ರಿ!" ಅಜ್ಜಿ ಕಣ್ಣೊರೆಸಿಕೊಂಡರು, ತೃಪ್ತಿ ಬಿದ್ದು ಬಿದ್ದು ನಕ್ಕಳು, ಸಂಬಂಧ ಗಟ್ಟಿಯಾಗಿ ಸಕ್ಕರೆ ಹಂಚಿಯಾಯಿತು. ದೂರು ಹಿಂತೆಗೆದುಕೊಂಡಿದ್ದೇನೆ. ಆದರೆ ಮಾತು ಕೊಟ್ಟವರು ತಾವು, ನಾನಲ್ಲ. ಆದ್ದರಿಂದ ಇಂದಿನಿಂದ ರಾತ್ರಿ ಉಪವಾಸ ಇರಬೇಕಾದವರೂ ತಾವೇ ಎಂದು ತೃಪ್ತಿ ತೀರ್ಪು ಕೊಟ್ಟಿದ್ದಾಳೆ.