ಮಗ್ಗದ ಸದ್ದಿನಲ್ಲಿ ಮೂರು ನಿಮಿಷದ ಸಾಕ್ಷಿ

ದಿನಕ್ಕೆ ಆರು ಪಿರಿಯಡ್ ಮಾತಾಡಿ ಹೊಟ್ಟೆ ಹೊರೆಯುವವನು ನಾನು. ಕೇಳಲು ಎಳ್ಳಷ್ಟೂ ಮನಸ್ಸಿಲ್ಲದ ಮಕ್ಕಳ ಎದುರು ನಿಂತು ವರ್ಗಸಮೀಕರಣವನ್ನು ಇಪ್ಪತ್ತೆರಡು ವರ್ಷಗಳಿಂದ ಯಾವ ಸಂಕೋಚವೂ ಇಲ್ಲದೆ ಸಾರುತ್ತ ಬಂದಿದ್ದೇನೆ. ಆದರೆ ನನ್ನ ದೇವರ ಬಗ್ಗೆ ಯಾರಿಗಾದರೂ ಮೂರು ನಿಮಿಷ ಹೇಳು ಎಂದರೆ ತಕ್ಷಣ ಮನೆಯಲ್ಲಿ ಯಾವುದೋ ಕೆಲಸ ಬಿಟ್ಟು ಬಂದಿದ್ದೇನೆಂದು ನೆನಪಾಗುತ್ತದೆ. ಮೂರು ತಲೆಮಾರಿನ ಕ್ರೈಸ್ತ ಮನೆತನದವನು ಹೀಗೆ ಹೇಳಿಕೊಳ್ಳಬಾರದು. ನಮ್ಮಜ್ಜ ಬೀಳಗಿಯಿಂದ ಗಲಗಲಿಗೆ ಸೈಕಲ್ ತುಳಿದುಕೊಂಡು ಹೋಗಿ, ಸಂತೆಯಲ್ಲಿ ನಿಂತು ಸುವಾರ್ತೆ ಹೇಳುತ್ತಿದ್ದನಂತೆ. ಕೇಳುವವರು ಕೇಳುತ್ತಿದ್ದರು, ಬೈಯುವವರು ಬೈಯುತ್ತಿದ್ದರು. ಅಜ್ಜ ಇಬ್ಬರಿಗೂ ಕೈಮುಗಿದು, ಬದನೆಕಾಯಿ ಕೊಂಡು ಮನೆಗೆ ಬರುತ್ತಿದ್ದ. ಮೊಮ್ಮಗನಾದ ನನಗೆ ಬದನೆಕಾಯಿ ಕೊಳ್ಳುವ ಭಾಗ ಮಾತ್ರ ಬಂದಿದೆ.

ಇದೆಲ್ಲ ಯಾರಿಗೂ ತಿಳಿಯದೆ ನಡೆದುಕೊಂಡು ಹೋಗುತ್ತಿತ್ತು. ಆದರೆ ಕಳೆದ ತಿಂಗಳು ಜಮಖಂಡಿಯ ನಮ್ಮ ಚರ್ಚಿನ ಸಭೆಗೆ ಧಾರವಾಡದಿಂದ ತರಬೇತಿ ಕೊಡುವವರೊಬ್ಬರು ಬಂದರು. ತರುಣ, ಇಸ್ತ್ರಿ ಮಾಡಿದ ಅಂಗಿ, ಲ್ಯಾಪ್‌ಟಾಪು. ಸಾಕ್ಷಿ ಹೇಳುವುದು, ಅಂದರೆ ದೇವರು ನಮ್ಮ ಬಾಳಿನಲ್ಲಿ ಮಾಡಿದ್ದನ್ನು ಇನ್ನೊಬ್ಬರಿಗೆ ತಿಳಿಸುವುದು, ಬಹಳ ಸುಲಭ, ಅದಕ್ಕೆ ಮೂರೇ ಭಾಗ, ಭಾಗಕ್ಕೆ ಒಂದು ನಿಮಿಷ ಎಂದರು. ಮೊದಲು ನಾನು ಹೇಗಿದ್ದೆ, ಆಮೇಲೆ ಏನಾಯಿತು, ಈಗ ಹೇಗಿದ್ದೇನೆ. ವಾದ ಮಾಡಬಾರದು, ಇನ್ನೊಬ್ಬರ ದೇವರನ್ನು ಹಳಿಯಬಾರದು, ಒತ್ತಾಯವಂತೂ ಕೂಡದು. ಸ್ನೇಹಿತನಿಗೆ ಸ್ನೇಹಿತ ಹೇಳಿದಂತೆ ಹೇಳಬೇಕು. ಕೇಳಲು ಚೆನ್ನಾಗಿತ್ತು, ನಾನೂ ತಲೆಯಾಡಿಸಿದೆ. ಅಷ್ಟರಲ್ಲಿ ನಮ್ಮ ಪಾಸ್ಟರು ಎದ್ದು, "ಮುಂದಿನ ತಿಂಗಳ ಮೊದಲನೇ ಐತವಾರದೊಳಗ ಪ್ರತಿಯೊಬ್ಬರೂ ಒಬ್ಬರಿಗರೆ ಹೇಳಿ ಬರಬೇಕು. ಬಂದು ಎಲ್ಲಾರ ಮುಂದ ನಿಂತು ಏನಾತು ಅಂತ ತಿಳಸಬೇಕು" ಎಂದುಬಿಟ್ಟರು. ನನ್ನ ತಲೆ ಆಡುವುದು ಅಲ್ಲಿಗೆ ನಿಂತಿತು.

ನನ್ನ ಮೊದಲ ತೊಂದರೆ ಎಂದರೆ 'ನಾನು ಹೇಗಿದ್ದೆ' ಎಂಬ ಭಾಗ. ನಮ್ಮ ಸಭೆಯಲ್ಲಿ ಯೋಹಾನಪ್ಪ ಎಂಬ ಹಿರಿಯರಿದ್ದಾರೆ, ಮೊದಲು ಲಾರಿ ಡ್ರೈವರ್. ಅವರು ಸಾಕ್ಷಿಗೆ ಎದ್ದು ನಿಂತರೆ ಮಕ್ಕಳು ಕೂಡ ಬಿಸ್ಕಿಟ್ ತಿನ್ನುವುದನ್ನು ನಿಲ್ಲಿಸುತ್ತಾರೆ. ಕುಡಿತ, ಇಸ್ಪೀಟು, ಲೋಕಾಪುರದ ಕ್ರಾಸಿನಲ್ಲಿ ಹೊಡೆದಾಟ, ಹೆಂಡತಿ ತವರಿಗೆ ಹೋದದ್ದು, ಕೊನೆಗೆ ಒಂದು ಮುಂಜಾನೆ ದೇವರು ಕೈಹಿಡಿದದ್ದು! ಆ ಮನುಷ್ಯನ ಪಾಪಗಳ ಬಗ್ಗೆ ನನಗೆ ಹೊಟ್ಟೆಕಿಚ್ಚಿದೆ. ನಾನೋ ಹುಟ್ಟಿದ ಎಂಟನೇ ದಿನಕ್ಕೇ ಸಭೆಗೆ ಬಂದವನು. ಕುಡಿಯಲಿಲ್ಲ, ಕದಿಯಲಿಲ್ಲ, ಹೊಡೆದಾಟ ಎಂದರೆ ಹೊಡೆಸಿಕೊಂಡದ್ದಷ್ಟೇ ನೆನಪು. ಎರಡು ದಿನ ಕೂತು ಹುಡುಕಿದ ಮೇಲೆ, ಮುಧೋಳದ ಕಡೆಗೆ ಹೊರಟ ಟ್ರ್ಯಾಕ್ಟರಿನಿಂದ ಚಿಕ್ಕಂದಿನಲ್ಲಿ ಕಬ್ಬು ಹಿರಿದು ತಿಂದದ್ದೊಂದು ಸಿಕ್ಕಿತು. ಅದನ್ನು ಒಂದು ನಿಮಿಷಕ್ಕೆ ಎಳೆಯುವುದು ಸಾಧ್ಯವಿರಲಿಲ್ಲ. ಆದ್ದರಿಂದ ವಿವರಕ್ಕೆ ಹೋಗದೆ, 'ನಾನು ದೊಡ್ಡ ಪಾಪಿಯಾಗಿದ್ದೆ' ಎಂದು ಒಟ್ಟಾಗಿ ಹೇಳಿಬಿಡುವುದೆಂದು ತೀರ್ಮಾನಿಸಿದೆ.

ಎರಡನೇ ತೊಂದರೆ, ಯಾರಿಗೆ ಹೇಳುವುದು? ಮೊದಲು ಗುರುತಿಲ್ಲದವರೇ ವಾಸಿ ಎಂದುಕೊಂಡು ಜಮಖಂಡಿ ಬಸ್ಸಿನಲ್ಲಿ ಪಕ್ಕದಲ್ಲಿ ಕೂತ ರುಮಾಲಿನ ಯಜಮಾನರಿಗೆ ಸುವಾರ್ತೆಯ ಒಂದು ಕರಪತ್ರ ಕೊಟ್ಟೆ. ಅವರು ಅದನ್ನು ಎರಡೂ ಕೈಯಲ್ಲಿ ತೆಗೆದುಕೊಂಡು ಹಣೆಗೆ ಒತ್ತಿಕೊಂಡು, "ಲಗ್ನಾ ಯಾರದ್ರೀ, ಮಗಂದೋ ಮಗಳದೋ?" ಎಂದರು. ಲಗ್ನವಲ್ಲ ಎಂದು ಹೇಳುವುದರೊಳಗೆ, "ಎಲ್ಲಿ ಇಟ್ಟಗೊಂಡೀರಿ, ಊಟಕ್ಕ ಏನ್ ಮಾಡಸ್ತೀರಿ?" ಎಂದು ಅಕ್ಕರೆಯಿಂದ ವಿಚಾರಿಸತೊಡಗಿದರು. ಅಷ್ಟು ಪ್ರೀತಿಯ ಮನುಷ್ಯನಿಗೆ ನಿರಾಸೆ ಮಾಡಲಾಗದೆ, ಇಲ್ಲದ ಮಗಳ ಲಗ್ನಕ್ಕೆ ಗೋಧಿ ಹುಗ್ಗಿ ಮಾಡಿಸುತ್ತೇನೆಂದು ಹೇಳಿ ಒಂದು ಸ್ಟಾಪ್ ಮೊದಲೇ ಇಳಿದೆ. ಸುವಾರ್ತೆ ಹೇಳಲು ಹೋಗಿ ಸುಳ್ಳು ಹೇಳಿ ಬಂದದ್ದಕ್ಕೆ ಹೆಂಡತಿ ಸುಶೀಲಾ ನಕ್ಕಳು. ನಕ್ಕು, "ಅಲ್ರೀ, ಬಸ್ಸಿನ್ಯಾಗ ಯಾಕ ಹುಡಕಾಡ್ತೀರಿ? ಗ್ವಾಡಿ ಆಚಿಗೆ ಈರಣ್ಣ ಇಲ್ಲೇನು?" ಎಂದಳು.

ಈರಣ್ಣನ ವಿಷಯ ಹೇಳಲೇಬೇಕು. ಬನಹಟ್ಟಿಯ ನಮ್ಮ ಓಣಿಯಲ್ಲಿ ಅವನ ಮನೆಗೂ ನಮ್ಮ ಮನೆಗೂ ಒಂದೇ ಗೋಡೆ. ಅವನ ಕಡೆ ನಾಲ್ಕು ಪವರ್‌ಲೂಮ್ ಮಗ್ಗ, ನಮ್ಮ ಕಡೆ ಅವುಗಳ ಸದ್ದು. ಪಂಚಮಿಗೆ ಅವರ ಉಂಡಿ ನಮ್ಮ ಮನೆಗೆ, ಕ್ರಿಸ್ಮಸ್ಸಿಗೆ ನಮ್ಮ ಕೇಕು ಅವರ ಮನೆಗೆ. ಹನ್ನೊಂದು ವರ್ಷಗಳಿಂದ ದಿನಾ ಸಂಜೆ ಅವನ ಕಟ್ಟೆಯ ಮೇಲೆ ಚಹಾ ಕುಡಿಯುತ್ತೇನೆ. ರಾಜಕೀಯ, ನೂಲಿನ ರೇಟು, ಸೊಂಟ ನೋವು ಎಲ್ಲ ಮಾತಾಡಿದ್ದೇವೆ, ಈ ಒಂದನ್ನು ಬಿಟ್ಟು. ನಿಜ ಹೇಳಬೇಕೆಂದರೆ ನನಗೆ ಹೆದರಿಕೆ. 'ಓಹೋ, ಈ ಸರ ಹನ್ನೊಂದು ವರ್ಷ ನನ್ನ ಚಹಾ ಕುಡಿದದ್ದು ಇದಕ್ಕಾ?' ಎಂದು ಈರಣ್ಣ ಒಂದು ಸಲ ಅಂದುಕೊಂಡರೆ ಸಾಕು, ಆ ಕಟ್ಟೆ ನನಗೆ ತಪ್ಪಿಹೋಗುತ್ತದೆ. ನನಗೆ ಈ ಊರಲ್ಲಿ ಇರುವುದು ಅದೊಂದೇ ಕಟ್ಟೆ.

ಈರಣ್ಣನಿಗೆ ಇಂಥ ಯಾವ ಹೆದರಿಕೆಯೂ ಇಲ್ಲ. ಎರಡು ವರ್ಷದ ಹಿಂದೆ ಅವನಿಗೆ ಸಕ್ಕರೆ ಕಾಯಿಲೆ ಬಂದಿತ್ತು. ಯಾರೋ ಹೇಳಿದರೆಂದು ಹಾಗಲಕಾಯಿ, ಮೆಂತ್ಯ ಸೇರಿಸಿ ಕುದಿಸಿದ ಕಷಾಯ ಶುರು ಮಾಡಿದ. ಅವನಿಗೆ ಗುಣ ಕಂಡ ಮರುದಿನ ಬೆಳಿಗ್ಗೆ, ನಾನಿನ್ನೂ ಹಲ್ಲುಜ್ಜುತ್ತಿರುವಾಗಲೇ ಬಂದು ನಿಂತ. "ಸರ, ಮೊದಲ ನಾ ಹೆಂಗಿದ್ದೆ ನಿಮಗ ಗೊತ್ತೈತಿ. ನಾಕ ಹೆಜ್ಜಿ ನಡದ್ರ ದಮ್ಮ ಹತ್ತತಿತ್ತು. ಈ ಕಷಾಯ ತಗೊಂಡ್ನಿ. ಈಗ ನೋಡ್ರಿ, ಕುದರಿ ಆಗೇನಿ!" ಎಂದು ಅಂಗಳದಲ್ಲಿ ನಾಲ್ಕು ಹೆಜ್ಜೆ ಓಡಿ ತೋರಿಸಿದ. ಬಾಯಲ್ಲಿ ಬ್ರಷ್ ಇದ್ದದ್ದರಿಂದ ನಾನು ಬೇಡ ಎನ್ನಲಾಗಲಿಲ್ಲ. ಹದಿನೈದು ದಿನದಲ್ಲಿ ಇಡೀ ಓಣಿ ಕಷಾಯ ಕುಡಿಯುತ್ತಿತ್ತು. ನನಗೆ ಸಕ್ಕರೆ ಕಾಯಿಲೆಯೇ ಇಲ್ಲ, ಆದರೂ ಇವತ್ತಿನವರೆಗೆ ಒಂದು ದಿನ ತಪ್ಪಿಸಿಲ್ಲ.

ಗಡುವಿಗೆ ಒಂದೇ ದಿನ ಉಳಿದಿತ್ತು. ಶನಿವಾರ, ಶಾಲೆ ಅರ್ಧ ದಿನ. ಮಧ್ಯಾಹ್ನ ಊಟ ಮಾಡಿ, ಕನ್ನಡಿ ಮುಂದೆ ಮೂರು ಸಲ ಹೇಳಿಕೊಂಡು, ಈರಣ್ಣನ ಮನೆಗೆ ಹೋದೆ. ಅವನು ಮಗ್ಗದ ಕೋಣೆಯಲ್ಲಿ ನಿಂತಿದ್ದ, ಕೆಲಸದ ಇಬ್ಬರು ಹೆಣ್ಣುಮಕ್ಕಳು ಅತ್ತ ಕಂಡಿಕೆಗೆ ನೂಲು ಸುತ್ತುತ್ತಿದ್ದರು. ನಮ್ಮೂರಿಗೆ ಬರದವರಿಗೆ ಒಂದು ಮಾತು ತಿಳಿಸಬೇಕು: ನಾಲ್ಕು ಮಗ್ಗ ಓಡುತ್ತಿರುವಲ್ಲಿ ಗುಟ್ಟು ಹೇಳಬೇಕಾದರೂ ಕೂಗಿಯೇ ಹೇಳಬೇಕು. ಬನಹಟ್ಟಿಯವರು ಹೀಗೆ ಕೂಗಿ ಕೂಗಿಯೇ ಮದುವೆ ಮಾತುಕತೆ ಮುಗಿಸುತ್ತಾರೆ. ಎಷ್ಟು ಕೂಗಿದರೂ ಎದುರಿದ್ದವನನ್ನು ಬಿಟ್ಟು ಬೇರೆಯವರಿಗೆ ಕೇಳಿಸುವುದಿಲ್ಲ ಎಂಬ ಧೈರ್ಯ.

"ಈರಣ್ಣಾ, ಒಂದು ವಿಷಯ ಹೇಳುವುದಿತ್ತು!"

"ಹೇಳ್ರಿ ಸರ!"

"ನನ್ನ ಬಗ್ಗೆ!"

"ಏನಂದ್ರೀ?" ಅವನು ಕಿವಿ ಮುಂದೆ ತಂದ.

ಗಟ್ಟಿಯಾಗಿ ಉಸಿರೆಳೆದುಕೊಂಡು ಬಾಯಿ ತೆರೆದೆ. ಆ ಕ್ಷಣಕ್ಕೇ ಕರೆಂಟು ಹೋಯಿತು. ಈರಣ್ಣನ ನಾಲ್ಕು, ಎದುರು ಮನೆಯ ಆರು, ಹಿಂದಿನ ಓಣಿಯ ಎಲ್ಲ ಮಗ್ಗಗಳೂ ಒಮ್ಮೆಗೇ ನಿಂತವು. ಆ ನಿಶ್ಶಬ್ದದಲ್ಲಿ ನನ್ನ ಧ್ವನಿಯೊಂದೇ ಓಣಿಯ ಈ ತುದಿಯಿಂದ ಆ ತುದಿಗೆ ಹೋಯಿತು: "ನಾನು ದೊಡ್ಡ ಪಾಪಿ, ಈರಣ್ಣಾ!"

ಕಂಡಿಕೆ ಸುತ್ತುವವರ ಕೈ ನಿಂತವು. ಎದುರು ಮನೆಯ ಬಾಗಿಲು ತೆರೆಯಿತು. ಬಾಗಿಲಲ್ಲಿ ಒಂದು ತಲೆ, ಎರಡು ತಲೆ, ಆಮೇಲೆ ಎಣಿಸಲಿಲ್ಲ. ಓಣಿಯ ಹಿರಿಯಳಾದ ನೀಲವ್ವ ಆಯಿ ಕೋಲೂರುತ್ತ ಒಳಗೇ ಬಂದು, ಸರಿಯಾಗಿ ಕಾಣುವ ಜಾಗ ನೋಡಿ ಕೂತಳು. ಈರಣ್ಣ ನನ್ನ ಹೆಗಲ ಮೇಲೆ ಕೈಯಿಟ್ಟು, ಸಣ್ಣ ದನಿಯಲ್ಲಿ, "ಸರ, ಹೆದರಬ್ಯಾಡ್ರಿ. ಏನ ಆಗಿರಲಿ, ನಾ ಅದೇನಿ. ಮನ್ಯಾಗ ಗೊತ್ತೈತೇನು?" ಎಂದ.

"ಅಂಥದ್ದೇನೂ ಅಲ್ಲ ಈರಣ್ಣ…"

"ಪರೀಕ್ಷಾ ಪ್ಯಾಪರ್ ಗೀಪರ್ ಬಯಲ ಮಾಡಿದ್ರೇನ್ರಿ?" ಎಂದು ಬಾಗಿಲಲ್ಲಿದ್ದವರೊಬ್ಬರು ಕೇಳಿದರು.

"ಛೇ ಛೇ, ಇಲ್ಲ."

"ಮತ್ತ ಏನ್ ಪಾಪಾ ಮಾಡಿದ್ಯೋ ನನ್ನಪ್ಪಾ?" ಎಂದಳು ನೀಲವ್ವ ಆಯಿ. ಅವಳ ಮುಖದಲ್ಲಿ ಅಷ್ಟು ಆಸೆ ಇತ್ತು. ನಾನು ತಲೆ ತಗ್ಗಿಸಿ, ಟ್ರ್ಯಾಕ್ಟರಿನಿಂದ ಕಬ್ಬು ಹಿರಿದ ಕತೆ ಹೇಳಿದೆ.

"ಇಷ್ಟ ಏನು?" ಎಂದಳು ಆಯಿ. "ನಾ ಮೊನ್ನೆ ಹಿರದ ತಿಂದೇನಿ, ಹಲ್ಲಿಲ್ಲದ ಬಾಯಾಗ." ಹಾಗೆಂದು ಕೋಲು ಊರಿ ಎದ್ದು ಹೊರಟೇಬಿಟ್ಟಳು. ಅವಳ ಹಿಂದೆ ಬಾಗಿಲ ತಲೆಗಳೂ ಒಂದೊಂದಾಗಿ ಕರಗಿದವು.

ಉಳಿದವರು ನಾನು, ಈರಣ್ಣ, ಕಂಡಿಕೆಯ ಇಬ್ಬರು. ಇನ್ನು ಮುಚ್ಚುಮರೆ ಮಾಡಲು ಏನೂ ಉಳಿದಿರಲಿಲ್ಲ. ತಡವರಿಸುತ್ತ, ಯಾವ ಭಾಗ ಮೊದಲು ಎಂಬುದನ್ನೂ ಮರೆತು, ಹೇಳಿದೆ. ಒಳ್ಳೆಯ ಸುದ್ದಿ ಎಂದರೆ ಇದೇ, ದೇವರು ನನ್ನನ್ನು ಪ್ರೀತಿಸುತ್ತಾನೆ, ನನ್ನ ಸಣ್ಣತನವನ್ನೆಲ್ಲ ಯೇಸು ಹೊತ್ತುಕೊಂಡ, ಸುಶೀಲಾ ಆಪರೇಷನ್‌ಗೆ ಒಳಗೆ ಹೋದ ದಿನ ನಾನು ಹೊರಗೆ ಬೆಂಚಿನ ಮೇಲೆ ಕೂತು ಬದುಕಿದ್ದು ಆ ಒಂದು ನಂಬಿಕೆಯಿಂದಲೇ ಎಂದು. ಕೊನೆಯದು ನಾನು ತಯಾರಿ ಮಾಡಿಕೊಂಡದ್ದರಲ್ಲಿ ಇರಲಿಲ್ಲ, ತಾನಾಗಿ ಬಂತು. ಎಲ್ಲ ಸೇರಿ ಒಂದು ನಿಮಿಷವೂ ಆಗಿರಲಿಕ್ಕಿಲ್ಲ.

ಈರಣ್ಣ ಹೆಗಲ ಮೇಲಿನ ಕೈ ತೆಗೆದಿರಲಿಲ್ಲ. ಅವನಿಗೆ ಸಿಟ್ಟು ಬಂದಿರಲಿಲ್ಲ, ನಗುವೂ ಬಂದಿರಲಿಲ್ಲ. ಯೋಚನೆ ಮಾಡಿ ಕೇಳಿದ.

"ಸರ, ಇದು ಛಲೋ ಸುದ್ದಿ ಅಂತೀರಿ?"

"ಹೌದು ಈರಣ್ಣ. ಇದಕ್ಕಿಂತ ಒಳ್ಳೆಯ ಸುದ್ದಿ ನನಗೆ ಗೊತ್ತಿಲ್ಲ."

"ಖರೇನ?"

"ಖರೆ."

"ಇದು ನಿಮಗ ಮೊದಲಿಂದ ಗೊತ್ತಿತ್ತು? ನೀವು ಈ ಓಣಿಗೆ ಬರೂಕಿಂತ ಮೊದಲ?"

"ಹೌದು."

"ಹಂಗಾರ ಹನ್ನೊಂದ ವರ್ಷ ನನಗ ಯಾಕ ಹೇಳಲಿಲ್ರೀ? ನಾ ಹಾಗಲಕಾಯಿ ಸುದ್ದೀನ ಮರುದಿನಾನ ಬಂದು ಹೇಳಿದ್ನೆಲ್ಲಾ."

ಅವನ ದನಿಯಲ್ಲಿ ಕೊಂಕಿರಲಿಲ್ಲ, ಸ್ವಲ್ಪ ನೋವಿತ್ತು. ಲ್ಯಾಪ್‌ಟಾಪಿನ ತರುಣರು ಜನ ಕೇಳಬಹುದಾದ ಪ್ರಶ್ನೆಗಳನ್ನೆಲ್ಲ ಪಟ್ಟಿ ಮಾಡಿ ಕೊಟ್ಟಿದ್ದರು. ಇದು ಅದರಲ್ಲಿ ಇರಲಿಲ್ಲ. 'ನಿನ್ನ ಕಟ್ಟೆ ತಪ್ಪೀತೆಂದು ಹೆದರಿದ್ದೆ' ಎಂದು ಹೇಳಬೇಕಿತ್ತು. ಹೇಳಲು ಬಾಯಿ ತೆರೆದೆ. ಕರೆಂಟು ಬಂತು.

ನಾಲ್ಕೂ ಮಗ್ಗ ಒಟ್ಟಿಗೆ ಹೊಡೆಯತೊಡಗಿದವು. ಈರಣ್ಣ ಕಿವಿಗೆ ಕೈ ಹಿಡಿದು, "ಏನಂದ್ರೀ?" ಎಂದು ಕೂಗಿದ.

ನಾನೂ ಕೂಗಿದೆ: "ಕಷಾಯ ಬಹಳ ಛಲೋ ಐತಿ ಅಂದೆ!"

ಮರುದಿನ ಸಭೆಯಲ್ಲಿ ಪಾಸ್ಟರು ನನ್ನ ಹೆಸರು ಕರೆದಾಗ ಎದ್ದು ನಿಂತು, ಪಕ್ಕದ ಮನೆಯವರಿಗೆ ಹೇಳಿದ್ದೇನೆ, ಆದರೆ ಅವರದೊಂದು ಪ್ರಶ್ನೆ ಬಾಕಿ ಇದೆ ಎಂದೆ. ಎಲ್ಲರೂ ಸಂತೋಷಪಟ್ಟರು. ಪ್ರಶ್ನೆ ಏನೆಂದು ಅದೃಷ್ಟವಶಾತ್ ಯಾರೂ ಕೇಳಲಿಲ್ಲ. ಕಟ್ಟೆ ತಪ್ಪಿಲ್ಲ, ಈರಣ್ಣ ಅದೇ ಚಹಾ ಕೊಡುತ್ತಾನೆ, ಕೊಟ್ಟು ಒಮ್ಮೊಮ್ಮೆ ನನ್ನ ಮುಖ ನೋಡುತ್ತಾನೆ. ಉತ್ತರವನ್ನು ಮಗ್ಗದ ಸದ್ದಿನಲ್ಲಿ ಕೂಗಿ ಹೇಳುವಂತಿಲ್ಲ, ಕರೆಂಟು ಹೋದಾಗ ಸಮಾಧಾನವಾಗಿ ಕೂತು ಹೇಳಬೇಕು ಎಂದು ನಿರ್ಧರಿಸಿದ್ದೇನೆ. ಇಡೀ ಬನಹಟ್ಟಿಯಲ್ಲಿ ಕರೆಂಟು ಹೋಗಲಿ ಎಂದು ಪ್ರಾರ್ಥನೆ ಮಾಡುವವನು ನಾನೊಬ್ಬನೇ ಇರಬೇಕು. ನಿನ್ನೆ ಸಂಜೆ ಆ ಪ್ರಾರ್ಥನೆಗೆ ಉತ್ತರ ಸಿಕ್ಕಿತು, ಪೂರ್ತಿ ಒಂದು ತಾಸು ಕರೆಂಟು ಇರಲಿಲ್ಲ. ಗೋಡೆಯಾಚೆಯಿಂದ "ಸರ, ಚಾ ಕುಡಿಯಾಕ ಬರ್ರಿ" ಎಂದು ಈರಣ್ಣ ಕರೆದದ್ದು ಸ್ಪಷ್ಟವಾಗಿ ಕೇಳಿಸಿತು. ನಾನು ಟವೆಲ್ ತೆಗೆದುಕೊಂಡು ಆ ದಿನದ ಎರಡನೇ ಸ್ನಾನಕ್ಕೆ ಹೋದೆ.