ಹಣೆಗೆ ಹದಿನಾಲ್ಕು ದಿನದ ಮಡಿ

ಜನವರಿ ಮೂವತ್ತೊಂದರ ಸಂಜೆ ನಾಲ್ಕು ಗಂಟೆಗೆ ತನ್ನ ಹಣೆಯ ಮೇಲೆ ಒಂದೇ ಒಂದು ಗೆರೆ ಕಂಡರೂ ಹೆಸರು ಬದಲಾಯಿಸಿಕೊಳ್ಳುತ್ತೇನೆ ಎಂದು ಅಲಮೇಲು ಶಪಥ ಮಾಡಿದರು. ಕೇಳಿಸಿಕೊಂಡವರು ಗಂಡ ಜಯಸಿಂಹ ಒಬ್ಬರೇ. ಅವರಾಗ ಮುಂಬಯಿಯ ಸಾಂತಾಕ್ರೂಜ್‌ನ ಮೂರನೇ ಮಹಡಿಯ ಬಾಲ್ಕನಿಯಲ್ಲಿ ಕನ್ನಡಿ ಹಿಡಿದು, ತಲೆಗೆ ಕರೀ ಬಣ್ಣ ಹಚ್ಚಿಕೊಳ್ಳುತ್ತಾ ಕೂತಿದ್ದರು.

"ಯಾವ ಹೆಸರು ಇಟ್ಕೋತೀಯ?"

"ತಮಾಷೆ ಬೇಡ. ನನಗಾದ ಅವಮಾನಕ್ಕೆಲ್ಲ ಮೂಲ ನಿಮ್ಮ ಆ ಬಣ್ಣದ ಬಟ್ಟಲು."

ಮಾತಿನಲ್ಲಿ ಸತ್ಯವಿತ್ತು. ಜಯಸಿಂಹ ಫೋರ್ಟ್ ಬಡಾವಣೆಯ ಒಂದು ಬ್ಯಾಂಕಿನಲ್ಲಿ ಮೂವತ್ತಾರು ವರ್ಷ ದುಡಿದವರು. ಹೋದ ವರ್ಷ ಬ್ಯಾಂಕಿನ ವಾರ್ಷಿಕೋತ್ಸವಕ್ಕೆ ಬಹಳ ಬಲವಂತ ಮಾಡಿ ಹೆಂಡತಿಯನ್ನು ಕರೆದುಕೊಂಡು ಹೋಗಿದ್ದರು. ಬಾಗಿಲಲ್ಲೇ ಅವರ ಕೈಕೆಳಗಿನ ಆಫೀಸರ್ ಹಿತೇಶ್ ಓಡೋಡಿ ಬಂದ, ಬಗ್ಗಿ ಅಲಮೇಲು ಅವರ ಕಾಲು ಮುಟ್ಟಿದ, "ಮಾತಾಜೀ, ಆಪ್ ಯಹಾಂ ಬೈಠಿಯೇ" ಎಂದು ಫ್ಯಾನಿನ ಕೆಳಗೆ ಕೂರಿಸಿದ. ಇಂಥ ಮಗನನ್ನು ಹೆತ್ತ ನೀವೇ ಧನ್ಯರು ಎಂದು ಹೊಗಳಿ, ಮೊಬೈಲಿನಲ್ಲಿ ಅವರದೊಂದು ಫೋಟೋ ಬೇರೆ ತೆಗೆದ. ಅರವತ್ತರ ಹತ್ತಿರದ ಗಂಡನಿಗೆ ಐವತ್ತಾರರ ಹೆಂಡತಿ ತಾಯಿ! ಪಕ್ಕದಲ್ಲೇ ನಿಂತಿದ್ದ ಜಯಸಿಂಹ ಬಾಯಿ ಬಿಟ್ಟು ಒಂದು ಮಾತು ಹೇಳಬಹುದಿತ್ತು. ಹೇಳಲಿಲ್ಲ. ಕೇಳಿದರೆ, "ಆಮೇಲೆ ಹೇಳೋಣ ಅಂತಿದ್ದೆ" ಅಂದರು. ವರ್ಷ ಕಳೆದರೂ ಆ 'ಆಮೇಲೆ' ಬಂದಿರಲಿಲ್ಲ.

ಈಗ ಜನವರಿ ಮೂವತ್ತೊಂದಕ್ಕೆ ಜಯಸಿಂಹರ ನಿವೃತ್ತಿ. ಅದೇ ದಿನ ಬೀಳ್ಕೊಡುಗೆ. ಹೆಂಡತಿ ವೇದಿಕೆಯ ಮೇಲೆ ಕೂರಲೇಬೇಕು. ಅದೇ ಹಿತೇಶ್ ನಿರೂಪಕ. ಈ ಸಲ ಅವನ ಬಾಯಲ್ಲಿ 'ಮಾತಾಜಿ' ಎಂಬ ಶಬ್ದ ಹೊರಡಬಾರದು. ಅಲಮೇಲು ಅವರ ಬದುಕಿನ ಸದ್ಯದ ಗುರಿ ಅದೊಂದೇ.

ಹೀಗಾಗಿ ಹದಿಮೂರನೇ ತಾರೀಖು ಅವರು ಸ್ಟೇಷನ್ ಪಕ್ಕದ ಚರ್ಮದ ಡಾಕ್ಟರು ಸೌಮ್ಯಾ ಅವರ ಕ್ಲಿನಿಕ್ಕಿಗೆ ಹೋಗಿ, ಹಣೆಗೆ, ಹುಬ್ಬುಗಳ ನಡುವಿಗೆ ಸುಕ್ಕು ಬಿಡಿಸುವ ಇಂಜೆಕ್ಷನ್ ಚುಚ್ಚಿಸಿಕೊಂಡು ಬಂದರು. ಡಾಕ್ಟರು ಬಿಡಿಸಿಯೇ ಹೇಳಿದ್ದರು.

"ನಾಲ್ಕು ಗಂಟೆ ಮಲಗಬೇಡಿ. ಇವತ್ತೊಂದು ದಿನ ಹಣೆ ಒತ್ತಬೇಡಿ, ಉಜ್ಜಬೇಡಿ. ಫೇಶಿಯಲ್, ಮಸಾಜ್, ಹಬೆ ಇವಕ್ಕೆ ಮಾತ್ರ ಎರಡು ವಾರ ತಡೀರಿ. ಮುಂಚೇನೇ ಹೋಗಿ ತಿಕ್ಕಿಸಿಕೊಂಡರೆ ಔಷಧಿ ಸರಿದು ರೆಪ್ಪೆ ಜೋತುಬಿದ್ದರೂ ಬೀಳಬಹುದು."

ರೆಪ್ಪೆ ಜೋತುಬೀಳುವ ಮಾತು ಕಿವಿಗೆ ಬಿದ್ದದ್ದೇ ತಡ, ಅಲಮೇಲು ಅವರ ಒಳಗಿದ್ದ ಮೈಸೂರಿನ ಅಜ್ಜಿ ಎದ್ದು ಕೂತಳು. ಒಂದು ದಿನಕ್ಕೆ ಒಳ್ಳೆಯದಾದದ್ದು ಹದಿನಾಲ್ಕು ದಿನಕ್ಕೆ ಇನ್ನೂ ಒಳ್ಳೆಯದಲ್ಲವೇ? ಮಡಿ ಅಂದ ಮೇಲೆ ಪೂರ್ತಿ ಮಡಿ. ಹಣೆ ಮಡಿಯಲ್ಲಿದೆ, ಯಾರೂ ಮುಟ್ಟಕೂಡದು. ತಾವೇ ಕುಂಕುಮ ಇಟ್ಟುಕೊಳ್ಳುವಾಗಲೂ ಬೆರಳು ತಾಗಿಸದೆ ಬೆಂಕಿಕಡ್ಡಿಯ ತುದಿಯಲ್ಲಿ ಸಾಸಿವೆಯಷ್ಟು ಚುಕ್ಕೆ ಇಟ್ಟುಕೊಂಡರು. ಪಾರ್ಲರಿನಲ್ಲಿ ಇಪ್ಪತ್ತೊಂಬತ್ತಕ್ಕೆ ಫೇಶಿಯಲ್ ಗೊತ್ತು ಮಾಡಿ, ಅಡುಗೆಮನೆಯ ಕ್ಯಾಲೆಂಡರಿನಲ್ಲಿ ದಿನಕ್ಕೊಂದು ಗೀಟು ಹೊಡೆಯತೊಡಗಿದರು. ಹೆಂಡತಿಯ ಕಣ್ಣಿಗೆ ಹಾರಿದ ಹುಡಿ ಒರೆಸಲು ಕೈಚಾಚಿದ ಜಯಸಿಂಹರ ಇನ್ನೊಂದು ಕೈಯಲ್ಲಿದ್ದ ಕಾಫಿ "ದೂರ!" ಎಂಬ ಕೂಗಿಗೆ ಚೆಲ್ಲಿತು.

ಇಷ್ಟೆಲ್ಲ ಲೆಕ್ಕ ಹಾಕಿದವರು ಒಂದನ್ನು ಮರೆತಿದ್ದರು. ಹದಿನಾಲ್ಕನೇ ತಾರೀಖು ಸಂಕ್ರಾಂತಿ. ಮುಂಬಯಿಯಲ್ಲಿ ಸಂಕ್ರಾಂತಿಯಿಂದ ರಥಸಪ್ತಮಿಯವರೆಗೆ ಮನೆಮನೆಯಲ್ಲೂ ಹಳದಿ-ಕುಂಕು, ಅಂದರೆ ಹೆಂಗಸರನ್ನು ಕರೆದು ಅರಿಶಿನ-ಕುಂಕುಮ ಕೊಡುವುದು. ಒಂದು ಬಿಲ್ಡಿಂಗಿನಲ್ಲಿ ಹದಿನೈದು ಮನೆಯಾದರೆ ಹದಿನೈದು ಹೆಬ್ಬೆರಳು, ಎಲ್ಲವೂ ಬಂದು ಒತ್ತುವುದು ಹುಬ್ಬುಗಳ ನಡುವೆಯೇ.

ಮೊದಲ ಕರೆ ಎದುರುಮನೆಯ ಅನುರಾಧಾಳದು. ಬಾಗಲಕೋಟೆಯವಳು, ಹದಿನಾರು ವರ್ಷದ ಸ್ನೇಹ. ಹಾಲ್ ತುಂಬ ಹೆಂಗಸರು. ಅನುರಾಧಾ ಎಳ್ಳುಬೆಲ್ಲ ಕೊಟ್ಟಳು, ಕೆನ್ನೆಗೆ ಅರಿಶಿನ ಸವರಿದಳು, ಕುಂಕುಮ ಮೆತ್ತಿದ ಹೆಬ್ಬೆರಳು ಎತ್ತಿದಳು. ಅಲಮೇಲು ಹಾವು ಕಂಡವರಂತೆ ಹಿಂದೆ ಸರಿದರು.

"ಕೈಗೆ ಕೊಡಿ, ನಾನೇ ಇಟ್ಕೋತೀನಿ."

"ಕೈಯಾಗ ಕೊಡೂದೇನ್ರಿ ಅಕ್ಕಾರ? ಹಬ್ಬದ ದಿನ. ಬರ್ರಿ ಇಲ್ಲೆ, ಹಚ್ಚತೀನಿ."

"ಬೇಡ ಅನುರಾಧಾ. ಇನ್ನು ಹದಿಮೂರು ದಿನ ನನ್ನ ಮುಟ್ಟೋ ಹಾಗಿಲ್ಲ. ಯಾಕೆ ಅಂತ ಮಾತ್ರ ಕೇಳಬೇಡಿ."

ಅನುರಾಧಾಳ ಮುಖ ಮೆತ್ತಗಾಯಿತು. "ತಿಳೀತ್ ಬಿಡ್ರಿ ಅಕ್ಕಾರ. ನಾ ಯಾರ ಮುಂದೂ ಬಾಯಿ ಬಿಡೂದಿಲ್ಲ" ಎಂದು ಕುಂಕುಮದ ಬಟ್ಟಲು ಕೆಳಗಿಟ್ಟಳು.

ಅಲಮೇಲು ಮನೆಗೆ ಬಂದು ಬಾಗಿಲು ದಡಾರನೆ ಹಾಕಿದರು. "ಅವಳಿಗೆ ಹೇಗ್ರೀ ತಿಳೀತು? ಡಾಕ್ಟ್ರು ಊರೆಲ್ಲ ಸಾರಿಕೊಂಡು ಬಂದಿದ್ದಾರಾ?"

"ಮುಖ ನೋಡಿದ್ರೆ ಗೊತ್ತಾಗತ್ತೇನೋ."

"ಇನ್ನೂ ಒಂದು ದಿನವೂ ಆಗಿಲ್ಲ. ಗೊತ್ತಾಗೋಕೆ ಏನಿದೆ?"

ಮಾರನೆಯ ದಿನದಿಂದ ಬೇರೊಂದು ಅನ್ಯಾಯ ಶುರುವಾಯಿತು. ಪ್ರತಿವರ್ಷ ದಿನಕ್ಕೆ ಎರಡು ಮನೆಯ ಕರೆ ಬರುತ್ತಿತ್ತು. ಈ ವರ್ಷ ಒಂದೂ ಇಲ್ಲ. ಮೇಲಿನ ಮನೆಯ ಯಕ್ಷಿತಾ ಅಕ್ಕಪಕ್ಕದ ಬಾಗಿಲನ್ನೆಲ್ಲ ತಟ್ಟಿ ಕರೆದು, ಇವರ ಬಾಗಿಲ ಮುಂದೆ ಚಪ್ಪಲಿಯ ಸದ್ದೂ ಆಗದಂತೆ ದಾಟಿಹೋದಳು. ಲಿಫ್ಟಿನಲ್ಲಿ ಎದುರಾದವರು ದನಿ ತಗ್ಗಿಸಿದರು. ಅಲಮೇಲು ಕುದಿದುಹೋದರು. ಹಣೆಯೊಂದನ್ನು ಮುಟ್ಟಬೇಡಿ ಅಂದರೆ ಇಡೀ ಮನುಷ್ಯಳನ್ನೇ ಬಿಟ್ಟುಬಿಡುವುದೇ? ಇಂಜೆಕ್ಷನ್ ಏನು ಅಂಟುರೋಗವೇ? ಇವರೆಲ್ಲ ಕೂದಲಿಗೆ ಬಣ್ಣ ಬಳಿದುಕೊಳ್ಳುವುದಿಲ್ಲವೇ? ಸಿಟ್ಟನ್ನೆಲ್ಲ ಹುಬ್ಬಿಗೆ ತರಲು ಹೋದರೆ ಹುಬ್ಬು ಅಲ್ಲಾಡಲಿಲ್ಲ. ಔಷಧಿ ಹಿಡಿಯುತ್ತಿತ್ತು. ಅದೊಂದೇ ಸಮಾಧಾನ.

ಇತ್ತ ಜಯಸಿಂಹ ದಿನದಿನಕ್ಕೆ ಭಾವುಕರಾಗುತ್ತಿದ್ದರು.

"ಅಲಮೇಲು, ಇವತ್ತು ಹಿತೇಶ್ ನನ್ನ ಕೈ ಹಿಡಕೊಂಡು ಸುಮ್ಮನೆ ನಿಂತುಬಿಟ್ಟ. ಕಣ್ಣಲ್ಲಿ ನೀರು. 'ಇಂಥ ಹೊತ್ತಲ್ಲೂ ಒಂದು ದಿನ ರಜೆ ಹಾಕಲಿಲ್ಲವಲ್ಲ ಸರ್' ಅಂದ. ನಾನು ರಿಟೈರ್ ಆಗೋದು ಅವರಿಗೆ ಇಷ್ಟು ನೋವು ಅಂತ ಗೊತ್ತೇ ಇರಲಿಲ್ಲ ನಂಗೆ."

"ಅವನ ಸುದ್ದಿ ನನ್ನ ಮುಂದೆ ಎತ್ತಬೇಡಿ."

ಇಪ್ಪತ್ತೇಳಕ್ಕೆ ಅಲಮೇಲು ಮತ್ತೆ ಕ್ಲಿನಿಕ್ಕಿಗೆ ಹೋದರು. ಹಣೆ ದೋಸೆಕಲ್ಲಿನಷ್ಟು ನುಣುಪು. ಡಾಕ್ಟರು ಮೆಚ್ಚಿ, ಇನ್ನು ಫೇಶಿಯಲ್ ಮಾಡಿಸಿಕೊಳ್ಳಬಹುದು ಎಂದರು. ತಮ್ಮ ತಪಸ್ಸಿಗೂ ಒಂದು ಮೆಚ್ಚುಗೆ ಸಿಗಲೆಂದು ಅಲಮೇಲು, "ಹದಿನಾಲ್ಕು ದಿನ ಯಾರ ಕೈಯಲ್ಲೂ ಕುಂಕುಮ ಇಡಿಸಿಕೊಳ್ಳಲಿಲ್ಲ ನಾನು" ಎಂದರು.

ಡಾಕ್ಟರು ತಲೆಯೆತ್ತಿದರು. "ಅದನ್ನ ಯಾರು ಬೇಡ ಅಂದ್ರು? ಮಾರನೇ ದಿನದಿಂದಲೇ ಇಡಿಸಿಕೊಳ್ಳಬಹುದಿತ್ತು. ಎರಡು ವಾರ ಅಂದಿದ್ದು ಫೇಶಿಯಲ್‌ಗೆ, ಮಸಾಜ್‌ಗೆ."

ತಪ್ಪು ಯಾರದೆಂದು ಮನೆಯವರೆಗೂ ಯೋಚಿಸುತ್ತ ಬಂದರು. ಬೇರೆ ಯಾರೂ ಸಿಗಲಿಲ್ಲ. ಹೀಗಾಗಿ ಇನ್ನಷ್ಟು ಸಿಟ್ಟು ಬಂತು. ಬಾಗಿಲಲ್ಲಿ ಅನುರಾಧಾ ಕುಂಕುಮದ ಬಟ್ಟಲು, ಒಂದು ಲಕೋಟೆ ಹಿಡಿದು ಕಾದಿದ್ದಳು.

"ಹದಿಮೂರ ದಿನ ಮುಗದ್ವು ಅಲ್ರಿ ಅಕ್ಕಾರ. ಇನ್ನರ ಹಚ್ಕೋರಿ. ಸೂತಕದ ಮನಿಗೆ ಕರೀಬ್ಯಾಡ್ರಿ ಅಂತ ಎಲ್ಲಾರಿಗೂ ನಾನಽ ಹೇಳಿದ್ದೆ. ಇದನ್ನ ನಿಮ್ಮ ಯಜಮಾನ್ರ ಆಫೀಸಿನವ್ರು ಹೋದ ವಾರ ಕೊಟ್ಟು ಹೋದ್ರು, ಆಮಂತ್ರಣ ಅಂತ. ಅವ್ರಿಗೂ ಹೇಳೀನಿ, ಈಗ ಬಾಗಿಲಾ ಬಡೀಬ್ಯಾಡ್ರಿ ಅಂತ. ಅಂದಂಗ, ತೀರಿಕೊಂಡವ್ರು ಯಾರ್ರಿ?"

ಸೂತಕ! ಅಲಮೇಲು ಬಾಯಿ ತೆರೆದರು. ಸತ್ಯ ಹೇಳಿದರೆ ಹಣೆಯ ಗುಟ್ಟು ಬಿಲ್ಡಿಂಗಿಗೆಲ್ಲ ಹರಡುತ್ತದೆ. ಸುಳ್ಳು ಹೇಳಿದರೆ ಒಂದು ಜೀವ ಹೋಗಬೇಕಾಗುತ್ತದೆ.

"ಬಹಳ ದೂರದವರು" ಎಂದರು. "ವಯಸ್ಸಾಗಿತ್ತು."

ಇಪ್ಪತ್ತೊಂಬತ್ತಕ್ಕೆ ಫೇಶಿಯಲ್ ಆಯಿತು. ಮೂವತ್ತೊಂದಕ್ಕೆ ಫೋರ್ಟಿನ ಉಡುಪಿ ಹೋಟೆಲಿನ ಮೇಲ್ಮಹಡಿಯ ಹಾಲಿಗೆ ಅಲಮೇಲು ನೇರಳೆ ರೇಷ್ಮೆಯಲ್ಲಿ ಹೊಳೆಯುತ್ತಾ ಬಂದರು. ಹಿತೇಶ್ ಕೈಮುಗಿದ. ಈ ಸಲ ಕಾಲು ಮುಟ್ಟಲಿಲ್ಲ.

"ನಮಸ್ತೆ ಭಾಭೀಜಿ! ನಿಮ್ಮನ್ನು ನೋಡ್ತಿರೋದು ಇದೇ ಮೊದಲು. ಜೂನ್ ಕೊನೆಗೆ ನನ್ನ ಮಗಳ ಮದುವೆ, ಸರ್ ಜೊತೆ ನೀವೂ ಬರಲೇಬೇಕು" ಎಂದು ಹಿಂದಿಯಲ್ಲಿ ಉಪಚರಿಸಿದ.

ಭಾಭೀಜಿ! ಅತ್ತಿಗೆ! ಗೆದ್ದೆ ಅಂದುಕೊಂಡರು ಅಲಮೇಲು. ಏನೋ ಹೇಳಲು ಬಾಯಿ ತೆರೆದ ಗಂಡನ ತೊಡೆ ಚಿವುಟಿ ಕೂರಿಸಿದರು.

ಹಿತೇಶ್ ಮೈಕ್ ಹಿಡಿದ. "ಮೊದಲಿಗೆ ಒಂದು ದುಃಖದ ವಿಷಯ. ಹೋದ ವರ್ಷ ಸಾಹೇಬರ ಮಾತಾಜಿ ನಮ್ಮನ್ನು ಹರಸಿ ಹೋಗಿದ್ದರು. ಈ ತಿಂಗಳು ಅವರು ನಮ್ಮನ್ನಗಲಿದರು. ಆಮಂತ್ರಣ ಕೊಡಲು ಸಾಹೇಬರ ಮನೆಗೆ ಹೋದಾಗ ಎದುರುಮನೆಯವರು ಸೂತಕ ಎಂದರು. ಸಾಹೇಬರು ಮಾತ್ರ ಒಂದು ದಿನವೂ ಬಾಯಿ ಬಿಡಲಿಲ್ಲ."

ಹಿಂದಿನ ಪರದೆ ಬೆಳಗಿತು. ಅದರ ಮೇಲೆ ಹೋದ ವರ್ಷದ ಅಲಮೇಲು, ಫ್ಯಾನಿನ ಕೆಳಗೆ, ಹಣೆಯ ಮೇಲೆ ಮೂರು ಗೆರೆ, ಹುಬ್ಬಿನ ನಡುವೆ ಎರಡು, ಸುತ್ತ ಗಂಧದ ಹಾರ.

"ಎರಡು ನಿಮಿಷ ಮೌನ."

ಇಡೀ ಹಾಲ್ ಎದ್ದು ನಿಂತಿತು. ಜಯಸಿಂಹ ಪಿಸುಗುಟ್ಟಿದರು, "ಹೇಳಿಬಿಡ್ಲಾ?"

"ಏನಂತ ಹೇಳ್ತೀರ? ಆ ಮುದುಕಿ ಇವಳೇ ಅಂತ ಹೇಳ್ತೀರಾ?"

ಅಲಮೇಲು ಎದ್ದು ನಿಂತು ತಮ್ಮ ಆತ್ಮಕ್ಕೆ ತಾವೇ ಶಾಂತಿ ಕೋರಿದರು. ಒಳಗೆ ಲಾವಾ ಕುದಿಯುತ್ತಿತ್ತು, ಹಣೆ ತಣ್ಣಗಿತ್ತು. ಆಮೇಲೆ ಹಿತೇಶ್ ಹತ್ತಿರ ಬಂದು, "ಭಾಭೀಜಿ, ಎಂಥಾ ಧೈರ್ಯ ನಿಮ್ಮದು. ಅತ್ತೆಯ ಫೋಟೋ ಮುಂದೆ ಮುಖದಲ್ಲಿ ಒಂದು ಗೆರೆ ಅಲ್ಲಾಡಲಿಲ್ಲ" ಎಂದ.

ವಾಪಸ್ ಬರುವಾಗ ಟ್ಯಾಕ್ಸಿ ಬೈಕುಲ್ಲಾ ದಾಟಿತು. ಜಯಸಿಂಹ ಬೆರಳು ಮಡಿಸಿ ಏನೋ ಎಣಿಸುತ್ತಿದ್ದರು.

"ಅಲಮೇಲು, ಆ ಇಂಜೆಕ್ಷನ್ ಎಷ್ಟು ದಿನ ಇರತ್ತೆ ಅಂದ್ರು ಡಾಕ್ಟ್ರು?"

"ನಾಲ್ಕು ತಿಂಗಳು. ಯಾಕೆ?"

"ಏನಿಲ್ಲ. ಹಿತೇಶ್ ಮಗಳ ಮದುವೆ ಇರೋದು ಜೂನ್ ಕೊನೆಗೆ, ಇನ್ನು ಐದು ತಿಂಗಳಿಗೆ. ಅಷ್ಟರಲ್ಲಿ ಗೆರೆಗಳೆಲ್ಲ ವಾಪಸ್ ಬಂದಿರತ್ತೆ. ಎರಡು ನಿಮಿಷ ಎದ್ದು ನಿಂತು ಕಳಿಸಿಕೊಟ್ಟ ಮಾತಾಜಿ ಊಟದ ಪಂಕ್ತಿಯಲ್ಲಿ ಬಂದು ಕೂತ್ರೆ, ಪಾಪ, ಅವನ ಗತಿ ಏನು ಅಂತ ಯೋಚಿಸ್ತಿದ್ದೆ."