ಕೂರಲೊಲ್ಲದ ಒಟಿಸ್ ಮಹಾಶಯರ ಸನ್ನಿಧಿಗೆ

ಮಾನ್ಯ ಒಟಿಸ್ ಅವರೇ,

ಡುಲುತ್ ನಗರದ ನಮ್ಮ ಅಪಾರ್ಟ್‌ಮೆಂಟಿನ ಸೋಫಾದಲ್ಲಿ ಮುಕ್ಕಾಲು ಭಾಗಕ್ಕೆ ಒಡೆಯರಾದ ತಮಗೆ, ಉಳಿದ ಕಾಲು ಭಾಗದಲ್ಲಿ ಮುದುಡಿ ಕುಳಿತಿರುವ ಆರ್ಡಿಸ್ ಲುಂಡೀನ್ ಮಾಡುವ ಅನಂತ ನಮಸ್ಕಾರಗಳು.

ನನ್ನ ಗಂಡ ವೆಂಡೆಲ್ ತೀರಿಕೊಂಡ ಮೇಲೆ ಲಿಫ್ಟಿನ ಬಾಗಿಲು ಮುಚ್ಚಿದರೆ ಸಾಕು, ನನಗೆ ಉಸಿರು ಕಟ್ಟುತ್ತಿತ್ತು. ಮನಸ್ಸಿನ ಆಸರೆಗೆ ನಾಯಿಯೊಂದು ಜೊತೆಗಿರಲಿ ಎಂದು ವೈದ್ಯರು ಚೀಟಿ ಬರೆದುಕೊಟ್ಟರು, ತಾವು ದಯಮಾಡಿಸಿದಿರಿ. ಅಂದಿನಿಂದ ಲಿಫ್ಟಿನಲ್ಲಿ ನನ್ನ ಪಾದಗಳ ಮೇಲೆ ಪವಡಿಸಿ ನನ್ನ ಜೀವ ಹಿಡಿದಿಟ್ಟಿದ್ದೀರಿ. ಅದಕ್ಕೆ ನಾನು ಚಿರಋಣಿ. ಆದರೆ ಚರ್ಚಿನ ಊಟಕ್ಕೆಂದು ನೆರೆಯವರು ಒಯ್ಯುತ್ತಿದ್ದ ಹಾಟ್‌ಡಿಶ್ ಎಂಬ ಆಲೂಗಡ್ಡೆಯ ಬಿಸಿ ಖಾದ್ಯಕ್ಕೆ ಅದೇ ಲಿಫ್ಟಿನಲ್ಲಿ ತಾವು ಮೂತಿ ಇಟ್ಟಿದ್ದನ್ನೂ, ಕಟ್ಟಡದ ಮ್ಯಾನೇಜರ್ ಡ್ವೇನ್ ಪ್ರಿಬಿಲ್ ಅವರ ಪ್ಯಾಂಟನ್ನು ಮೊಣಕಾಲಿನವರೆಗೆ ಹಲ್ಲಿನಿಂದ ಪರಾಮರ್ಶಿಸಿದ್ದನ್ನೂ ಯಾರೂ ಮೆಚ್ಚಲಿಲ್ಲ. ಆರು ವಾರದೊಳಗೆ ಒಂದು ಮಾತಾದರೂ ಕೇಳುವುದನ್ನು ಕಲಿಯದಿದ್ದರೆ ತಮ್ಮನ್ನು ಬೇರೆಡೆಗೆ ಸಾಗಿಸಬೇಕೆಂದು ಡ್ವೇನ್ ನೋಟೀಸು ಕೊಟ್ಟರು.

ತರಬೇತಿ ಕೊಡುವ ಟ್ರೂಡಿ ಮೊದಲ ದಿನವೇ ನನ್ನನ್ನು ಗದರಿಸಿದಳು: "ಒಂದೇ ಮಾತು, ಒಂದೇ ಸಲ. ದಮ್ಮಯ್ಯ ಗಿಮ್ಮಯ್ಯ ಏನೂ ಬೇಡ ಆರ್ಡಿಸ್." ಹೇಳುವುದು ಸುಲಭ. ತಟ್ಟೆಯಲ್ಲಿ ಉಳಿದ ಕೊನೆಯ ಕೇಕ್ ತುಂಡನ್ನು ಮುಟ್ಟಲು ಸಂಕೋಚಪಟ್ಟು, ಅರ್ಧ, ಅರ್ಧದಲ್ಲಿ ಅರ್ಧ ಎಂದು ಕತ್ತರಿಸಿ ಪುಡಿ ಉಳಿಸುವ ಜನ ನಾವು. ಹೀಗಾಗಿ ನನ್ನ ಬಾಯಿಂದ ಬಂದದ್ದು, "ನಿಮಗೇನೂ ತೊಂದ್ರೆ ಇಲ್ಲಾಂದ್ರೆ ಒಂಚೂರು ಕೂತ್ಕೊಳ್ತೀರಾ? ಆಗ್ದಿದ್ರೂ ಪರವಾಗಿಲ್ಲ ಬಿಡಿ." ತಾವು ಕೊನೆಯ ವಾಕ್ಯವನ್ನು ಚಾಚೂ ತಪ್ಪದೆ ಪಾಲಿಸಿದಿರಿ. ಕೂರಲು ಲಿಖಿತ ಅರ್ಜಿಯೇ ಬೇಕಿದ್ದರೆ ಮೂರು ಪ್ರತಿಗಳಲ್ಲಿ ಸಲ್ಲಿಸಬಲ್ಲೆ. ಅಳಿಲು ಕಂಡಾಗ ನನ್ನ ತೋಳನ್ನು ನನ್ನ ಬಳಿಯೇ ಬಿಟ್ಟು ಓಡಬೇಕೆಂಬುದಷ್ಟೇ ನನ್ನ ಪ್ರತ್ಯೇಕ ಕೋರಿಕೆ.

ಮೊನ್ನೆ ಶನಿವಾರ ಕೆಳಮಹಡಿಯ ಸಭಾಂಗಣದಲ್ಲಿ ಡ್ವೇನ್ ಎದುರು ತಮ್ಮ ಪರೀಕ್ಷೆ. ಕಾಫಿ ಹಿಡಿದ ನೆರೆಹೊರೆಯವರ ಎದುರು ನಾನು ಹನ್ನೊಂದು ಸಲ ಬೇಡಿಕೊಂಡೆ, ತಾವು ಸೂರಿನ ದೀಪಗಳನ್ನು ವೀಕ್ಷಿಸುತ್ತಿದ್ದಿರಿ. ಡ್ವೇನ್ ಎದ್ದು ನಿಂತರು. "ಸಾಕು ಬಿಡಿ ಆರ್ಡಿಸ್, ಸೋಮವಾರ ಕಳಿಸ್ಬಿಡಿ. ಒಂದು ನಾಯಿ ತಾನೆ?"

ತಾವಿಲ್ಲದೆ ಲಿಫ್ಟಿನೊಳಗೆ ನಿಂತ ನನ್ನನ್ನು ನಾನು ಆ ಕ್ಷಣ ಕಂಡೆ. ಮೊದಲು ಭಯವಾಯಿತು, ಆಮೇಲೆ ಸಿಟ್ಟು ನೆತ್ತಿಗೇರಿತು. ಎಪ್ಪತ್ತೊಂದು ವರ್ಷ ಎಲ್ಲಿ ಅಡಗಿತ್ತೋ ಗೊತ್ತಿಲ್ಲ, ಒಂದು ದನಿ ಹೊರಬಿತ್ತು.

"ಕೂತ್ಕೋ!"

ನಾನು ಹೇಳಿದ್ದು ಡ್ವೇನ್‌ಗೆ. ಅವರು ಕುಳಿತರು. ಟ್ರೂಡಿ ಕುಳಿತಳು, ಕಾಫಿ ಬಗ್ಗಿಸುತ್ತಿದ್ದ ನಮ್ಮ ಚರ್ಚಿನ ಪಾದ್ರಿಗಳೂ ಕುಳಿತರು. ಎಲ್ಲರನ್ನೂ ಒಮ್ಮೆ ನೋಡಿ ತಾವೂ ಕುಳಿತಿರಿ. ಡ್ವೇನ್ ಕುಳಿತಲ್ಲೇ ಕಾಗದದಲ್ಲಿ 'ತೇರ್ಗಡೆ' ಎಂದು ಬರೆದರು.

ತಮ್ಮ ವಿಶ್ವಾಸಿಯೂ ಹಗ್ಗದ ಇನ್ನೊಂದು ತುದಿಯೂ ಆದ,
ಆರ್ಡಿಸ್ ಲುಂಡೀನ್

ತಾ.ಕ.: ಡ್ವೇನ್ ಅವರು ಈಗಲೂ ನನ್ನನ್ನು ಕಂಡರೆ ಕುರ್ಚಿ ಹುಡುಕುತ್ತಾರೆ. ಒಂದೇ ಪಾಠಕ್ಕೆ ಕಲಿತರು, ಬಿಸ್ಕತ್ತನ್ನೂ ಕೇಳಲಿಲ್ಲ. ಇದು ತಮ್ಮ ಗಮನಕ್ಕೆ.